ಮೂಕಿ ಚಿತ್ರಕ್ಕೆ ನಮ್ಮತ್ತೆಯ ಮಾತು

ನನ್ನ ದೊಡ್ಡ ಮಗಳು ಹುಟ್ಟಿದ ದಿನ ನಾನು ಎಷ್ಟು ನಕ್ಕಿದ್ದೆನೆಂದರೆ, ಆಸ್ಪತ್ರೆಯ ನರ್ಸು ನನ್ನ ಕಣ್ಣೀರು ನೋಡಿ ನೋವು ತಡೆಯಲಾರದೆ ಅಳುತ್ತಿದ್ದೇನೆಂದುಕೊಂಡು ಬೆನ್ನು ಸವರಿದಳು. ನೋವು ಇರಲಿಲ್ಲ ಎನ್ನುವುದಿಲ್ಲ, ಚೆನ್ನಾಗಿಯೇ ಇತ್ತು. ಆದರೆ ಆ ಕಣ್ಣೀರು ಮಾತ್ರ ನಗುವಿನದು. ಅದಕ್ಕೆ ಕಾರಣ ಒಂದು ಜಪಾನಿ ಸಿನಿಮಾ, ಅದರಲ್ಲೂ ಮಾತಿಲ್ಲದ ಸಿನಿಮಾ, ಮತ್ತು ನಮ್ಮತ್ತೆ.

ಎಪ್ಪತ್ತರ ದಶಕದ ನಡುವಿನ ಒಂದು ಚಳಿಗಾಲ ಅದು. ನಾವು ಡೆಟ್ರಾಯ್ಟಿನ ಹೊರಗೆ ಫಾರ್ಮಿಂಗ್ಟನ್ ಹಿಲ್ಸ್‌ನಲ್ಲಿ ಒಂದು ಅಪಾರ್ಟ್‌ಮೆಂಟಿನಲ್ಲಿದ್ದೆವು. ನನ್ನ ಗಂಡ ಕಾರಿನ ಬಿಡಿಭಾಗ ತಯಾರಿಸುವ ಕಾರ್ಖಾನೆಯಲ್ಲಿ ಎಂಜಿನಿಯರು. ನನಗೆ ಮೊದಲ ಬಸಿರು. ನಮ್ಮ ಕಡೆ ಚೊಚ್ಚಲ ಬಾಣಂತನ ತವರಿನದ್ದು. ಆದರೆ ಅಮ್ಮನಿಗೆ ವಿಪರೀತ ಮಂಡಿನೋವು, ವಿಮಾನದಲ್ಲಿ ಅಷ್ಟು ಹೊತ್ತು ಕೂರುವುದು ಸಾಧ್ಯವೇ ಇರಲಿಲ್ಲ. ಆಗ ಮೈಸೂರಿನಿಂದ ನಮ್ಮತ್ತೆ, ಯಾರೂ ಕೇಳದೆಯೇ, 'ನಾನು ಬರುತ್ತೇನೆ' ಎಂದು ಕಾಗದ ಬರೆದರು. ದೀಪಾವಳಿಗೆ ಮೊದಲೇ ಬಂದಿಳಿದರು. ಎರಡು ಪೆಟ್ಟಿಗೆಗಳಲ್ಲಿ ಒಂದರ ತುಂಬ ಅಂಟಿನುಂಡೆಗೆ ಬೇಕಾದ ಸಾಮಾನು, ಬಜೆ, ಓಮ, ಹಳೆಯ ಮೆತ್ತನೆಯ ಪಂಚೆಯ ತುಂಡುಗಳು. ಇನ್ನೊಂದರಲ್ಲಿ ಅವರ ನಾಲ್ಕು ಸೀರೆ.

ಮದುವೆಯಾದ ಹದಿನೈದನೆಯ ದಿನಕ್ಕೇ ನಾನು ಅಮೆರಿಕಕ್ಕೆ ಬಂದಿದ್ದವಳು. ಅತ್ತೆಯ ಜೊತೆ ಒಂದು ವಾರವೂ ಸರಿಯಾಗಿ ಕಳೆದಿರಲಿಲ್ಲ. ಹಾಗಾಗಿ ಮೊದಲೆರಡು ತಿಂಗಳು ನಾನೂ ಅವರೂ ಬೀಗಿತ್ತಿಯರ ಹಾಗೆ ಮರ್ಯಾದೆಯಿಂದ ಇದ್ದೆವು. 'ಕಾಫಿ ಆಯ್ತಾ ಅತ್ತೆ?' 'ಆಯ್ತಮ್ಮ, ನಿಂದು?' ಅಷ್ಟೇ. ಅವರು ನನ್ನ ಹುಳಿಯನ್ನು ಒಮ್ಮೆಯೂ ಬೈಯಲಿಲ್ಲ. ಬೈದಿದ್ದರೆ ಎಷ್ಟೋ ಸಲೀಸಾಗುತ್ತಿತ್ತು ಎನ್ನಿಸುತ್ತಿತ್ತು ನನಗೆ.

ಹೊಸ ವರ್ಷ ಕಳೆದ ಮೇಲೆ ಕಾರುಗಳ ಬೇಡಿಕೆ ಇಳಿದು ಕಾರ್ಖಾನೆಯವರು ಇವರನ್ನು ಲೇಆಫ್ ಎಂದು ಕೆಲಸದಿಂದ ತೆಗೆದರು. ಆ ವರ್ಷ ಡೆಟ್ರಾಯ್ಟಿನಲ್ಲಿ ಅದು ಯಾರ ಮನೆಯಲ್ಲೂ ಹೊಸ ಸುದ್ದಿಯಲ್ಲ. ಇವರು ನನಗೆ ಅಂದೇ ಹೇಳಿದರು, ಅಡುಗೆಮನೆಯಲ್ಲಿ, ನಲ್ಲಿ ಬಿಟ್ಟು, ಆ ಸದ್ದಿನಲ್ಲಿ.

"ಅಮ್ಮಂಗೆ ಗೊತ್ತಾಗೋದು ಬೇಡ. ಮಗು ನೋಡೋಕೆ ಅಂತ ಖುಷಿಯಾಗಿ ಬಂದಿದಾಳೆ. ಇನ್ನೊಂದು ಕೆಲಸ ಸಿಕ್ಕಿದ ಮೇಲೆ ಹೇಳಿದ್ರಾಯ್ತು."

"ಹಾಗಾದ್ರೆ ಬೆಳಿಗ್ಗೆ ಎಲ್ಲಿಗೆ ಹೋಗ್ತೀರಾ?"

"ಲೈಬ್ರರಿಗೆ. ಅಲ್ಲಿ ಎಲ್ಲಾ ಊರಿನ ಪೇಪರೂ ಬರುತ್ತೆ. ಕೂತು ಅಪ್ಲೈ ಮಾಡ್ತೀನಿ."

ಮಾರನೆಯ ದಿನದಿಂದ ಇವರು ಎಂದಿನಂತೆ ಟೈ ಕಟ್ಟಿಕೊಂಡು, ಅತ್ತೆ ಕಟ್ಟಿಕೊಟ್ಟ ಚಪಾತಿ ಪಲ್ಯದ ಡಬ್ಬಿ ಹಿಡಿದು ಹೊರಡುತ್ತಿದ್ದರು. ಅತ್ತೆ ಕಿಟಕಿಯಲ್ಲಿ ನಿಂತು ಕಾರು ತಿರುವು ದಾಟುವವರೆಗೂ ನೋಡುತ್ತಿದ್ದರು. ನಾನು ಅವರ ಹಿಂದೆ ನಿಂತು ಉಗುರು ಕಚ್ಚುತ್ತಿದ್ದೆ.

ಲೈಬ್ರರಿಯ ಗೋಡೆಯ ಮೇಲೆ ಸಿನಿಮಾದ ಚೀಟಿ ನೋಡಿದ್ದು ಇವರೇ. ಶನಿವಾರ ಮಧ್ಯಾಹ್ನ ಎರಡು ಗಂಟೆಗೆ ಜಪಾನಿನ ಹಳೆಯ ಮೂಕಿ ಚಿತ್ರ, ಒಂದು ಬಡ ಸಂಸಾರದ ಕಥೆ, ಪ್ರವೇಶ ಉಚಿತ. ನನಗೆ ದಿನ ತುಂಬಲು ಇನ್ನು ಹತ್ತೇ ದಿನ. ಹೊರಗೆ ಅಮೆರಿಕದ ಲೆಕ್ಕದ ಹದಿನೈದು ಡಿಗ್ರಿ, ನೀರು ಕಲ್ಲಾಗುವ ಚಳಿ. ಮೂರು ವಾರದಿಂದ ಮನೆಯ ಗೋಡೆ ನೋಡಿ ನೋಡಿ ನನಗೆ ತಲೆ ಕೆಟ್ಟಿತ್ತು. ಜಪಾನಿ ಇರಲಿ, ಜರ್ಮನ್ ಇರಲಿ, ಎಲ್ಲಿಗಾದರೂ ಕರೆದುಕೊಂಡು ಹೋಗಿ ಎಂದೆ. ಅತ್ತೆ ಸೀರೆಯ ಮೇಲೆ ಮಗನ ದಪ್ಪ ಕೋಟು ತೊಟ್ಟು, ತಲೆಗೆ ಉಲ್ಲನ್ ಮಫ್ಲರ್ ಸುತ್ತಿ, ಎರಡು ಜೊತೆ ಕಾಲುಚೀಲ ಹಾಕಿಕೊಂಡು ಎಲ್ಲರಿಗಿಂತ ಮೊದಲು ಬಾಗಿಲಲ್ಲಿ ನಿಂತಿದ್ದರು. ಕೈಯಲ್ಲಿ ಒಂದು ಚೀಲ.

"ಅದೇನಮ್ಮ ಚೀಲದಲ್ಲಿ?" ಎಂದರು ಇವರು.

"ಕೋಡುಬಳೆ ಕಣೋ. ಸಿನಿಮಾಗೆ ಹೋಗ್ತಾ ಬರಿಗೈಲಿ ಹೋಗ್ತಾರಾ?"

ಲೈಬ್ರರಿಯ ನೆಲಮಾಳಿಗೆಯಲ್ಲಿ ಮಡಿಸುವ ಕುರ್ಚಿಗಳನ್ನು ಹಾಕಿ, ಗೋಡೆಗೆ ಬಿಳಿಯ ಪರದೆ ಇಳಿಬಿಟ್ಟಿದ್ದರು. ಹದಿನೈದು ಇಪ್ಪತ್ತು ಜನ. ಅವರಲ್ಲಿ ಹೆಚ್ಚಿನವರು ತಲೆ ನರೆತ ಹೆಂಗಸರು. ಒಬ್ಬರು ನೀಲಿ ಸ್ವೆಟರ್ ಹೆಣೆಯುತ್ತ ಕೂತಿದ್ದರು. ಪ್ರೊಜೆಕ್ಟರಿನ ಪಕ್ಕದಲ್ಲಿ ಉದ್ದನೆಯ ಗಡ್ಡದ, ಉದ್ದನೆಯ ಆಳು, ಲೈಬ್ರೇರಿಯನ್. ಇವರನ್ನು ಕಂಡದ್ದೇ ಅವನ ಮುಖ ಅರಳಿತು. "ಓಹೋ, ಶನಿವಾರವೂ ಬಂದಿರಾ! ಕಿಟಕಿ ಪಕ್ಕದ ನಿಮ್ಮ ಕುರ್ಚಿಗೆ ಒಂದು ದಿನವಾದರೂ ರಜೆ ಕೊಡಬಾರದೇ?" ಎಂದು ಇಂಗ್ಲಿಷಿನಲ್ಲಿ ಜೋರಾಗಿ ಹೇಳಿ, ಪೇಪರ್ ಬಿಡಿಸಿ ಓದುವಂತೆ ನಟಿಸಿ, ಕೈ ಕುಲುಕಿದ.

"ಏನಂತೋ ಅವನು?" ಅತ್ತೆ ಕೇಳಿದರು.

"ಚಳಿ ಜಾಸ್ತಿ ಅಂತಿದಾನಮ್ಮ."

"ಇಷ್ಟುದ್ದ ಹೇಳಿದ್ದು ಬರೀ ಚಳೀನಾ?"

ನಾನು ಇವರ ಮುಖ ನೋಡಲಿಲ್ಲ. ನೋಡಿದ್ದರೆ ಆಗಲೇ ನಗು ಬಂದುಬಿಡುತ್ತಿತ್ತು.

ಲೈಬ್ರೇರಿಯನ್ ಎಲ್ಲರಿಗೂ ವಿವರಿಸಿದ. ಚಿತ್ರ ಮೂರು ರೀಲುಗಳಲ್ಲಿದೆ. ನಡುನಡುವೆ ಪರದೆಯ ಮೇಲೆ ಜಪಾನಿ ಅಕ್ಷರದಲ್ಲಿ ಮಾತುಗಳು ಬರುತ್ತವೆ. ಅವುಗಳ ಇಂಗ್ಲಿಷ್ ಅನುವಾದ ಟೈಪ್ ಮಾಡಿದ ಹಾಳೆಗಳಲ್ಲಿದೆ, ತಾನು ಟಾರ್ಚ್ ಹಿಡಿದು ಓದುತ್ತೇನೆ ಎಂದ. ನಾನು ಅದನ್ನು ಅತ್ತೆಯ ಕಿವಿಯಲ್ಲಿ ಕನ್ನಡಕ್ಕೆ ಹೇಳಬೇಕು. ಅಲ್ಲಿಗೆ ಏರ್ಪಾಟು ಪಕ್ಕಾ.

ದೀಪ ಆರಿತು. ಪರದೆಯ ಮೇಲೆ ಒಂದು ಮನೆ. ನಡುಮನೆಯಲ್ಲಿ ನೆಲದ ಮೇಲೆ ಮಂಡಿಯೂರಿ ಕೂತ ಹಿರಿಯರು. ಒಬ್ಬ ಯುವಕ ತಲೆ ತಗ್ಗಿಸಿ ತನ್ನ ಕಾಲ್ಬೆರಳುಗಳನ್ನೇ ನೋಡುತ್ತಿದ್ದಾನೆ. ಒಳಗಿಂದ ಹುಡುಗಿಯೊಬ್ಬಳು ಟೀ ತರುತ್ತಾಳೆ, ತಟ್ಟೆ ನಡುಗುತ್ತದೆ.

"ಅಯ್ಯೋ, ಇದು ಹೆಣ್ಣು ನೋಡೋ ಶಾಸ್ತ್ರ ಕಣೇ!" ಅತ್ತೆ ನನ್ನ ತೋಳು ಹಿಡಿದರು. ಅವರು ನನ್ನನ್ನು 'ಕಣೇ' ಎಂದದ್ದು ಅದೇ ಮೊದಲು. "ಅಲ್ಲಿ ನೋಡು, ತಿಂಡಿ ಎಲ್ಲಾ ಒಬ್ಬನೇ ಖಾಲಿ ಮಾಡ್ತಿದಾನಲ್ಲ, ಅವನೇ ಮದುವೆ ದಲ್ಲಾಳಿ."

ಲೈಬ್ರೇರಿಯನ್ ಹಾಳೆ ನೋಡಿ ಓದಿದ: ಈ ಸಂಬಂಧ ತಂದ ಮಧ್ಯಸ್ಥರಿಗೆ ನಾವು ಋಣಿಗಳು. ನಾನು ಅನುವಾದಿಸಲು ಬಾಯಿ ತೆರೆಯುವಷ್ಟರಲ್ಲಿ ಅತ್ತೆ ಕೈಯಾಡಿಸಿದರು. "ನೀನು ಸುಸ್ತು ಮಾಡ್ಕೋಬೇಡ. ನಂಗೆ ಎಲ್ಲಾ ತಿಳಿಯುತ್ತೆ. ಮೈಸೂರಲ್ಲಿ ನಾನು ಎಂಟು ವರ್ಷದೋಳಿದ್ದಾಗ ಇಂಥಾವೇ ಬರ್ತಿದ್ದದ್ದು. ಪರದೆ ಪಕ್ಕ ಒಬ್ಬ ಕೋಲು ಹಿಡ್ಕೊಂಡು ನಿಂತು ಕಥೆ ಹೇಳೋನು."

ಮೊದಲ ರೀಲು ಮುಗಿಯಿತು. ಹುಡುಗ ಹುಡುಗಿ ಒಪ್ಪಿಯಾಗಿತ್ತು. ದೀಪ ಹತ್ತಿತು, ಲೈಬ್ರೇರಿಯನ್ ಡಬ್ಬಿಯಿಂದ ಇನ್ನೊಂದು ರೀಲು ತೆಗೆದು ಹಾಕಿದ, ಮತ್ತೆ ಕತ್ತಲೆ.

ಪರದೆಯ ಮೇಲೆ ಅದೇ ಹುಡುಗಿ ಚಾಪೆಯ ಮೇಲೆ ಮಲಗಿ ಹಲ್ಲು ಕಚ್ಚಿಕೊಂಡಿದ್ದಾಳೆ. ಸೂಲಗಿತ್ತಿ ತೋಳು ಮಡಿಸಿಕೊಂಡು ನೀರು ಕಾಯಿಸುತ್ತಿದ್ದಾಳೆ. ಲೈಬ್ರೇರಿಯನ್ ಗಂಭೀರವಾಗಿ ಓದಿದ: ಮದುವೆಯ ದಿನ ಮಳೆ ಬಾರದಿದ್ದರೆ ಸಾಕು.

ಅತ್ತೆ ಕುರ್ಚಿಯಲ್ಲಿ ಸರಿದು ಕೂತರು. "ಯಾರಿಗೇ ಇದು ಹೆರಿಗೆ?"

"ಅದೇ ಹುಡುಗಿಗೆ ಅತ್ತೆ."

"ಟೀ ಕೊಟ್ಟ ಲೋಟ ಇನ್ನೂ ತೊಳೆದಿಲ್ಲ, ಆಗಲೇ ಹೆರಿಗೆನಾ?"

ನನಗೆ ನಗು ಶುರುವಾಯಿತು. ತಡೆಯಲು ಸೆರಗು ಬಾಯಿಗಿಟ್ಟುಕೊಂಡೆ. ಪರದೆಯ ಮೇಲೆ ಮಗು ಹುಟ್ಟಿತು. ಗಂಡ ಅದನ್ನು ಎತ್ತಿಕೊಂಡು ಕಣ್ಣಲ್ಲಿ ನೀರು ತುಂಬಿ ನೋಡುತ್ತಾನೆ. ಲೈಬ್ರೇರಿಯನ್ ಓದಿದ: ನಮಗೆ ಒಬ್ಬರಿಗೊಬ್ಬರ ಪರಿಚಯವೇ ಇಲ್ಲ. ಏನು ಮಾತಾಡಬೇಕೋ ತಿಳಿಯುತ್ತಿಲ್ಲ. ಮುಂದಿನ ಸಾಲಿನ ಒಬ್ಬ ಹೆಂಗಸು 'ಆಹಾ' ಎಂದು ಕರವಸ್ತ್ರದಿಂದ ಕಣ್ಣೊರೆಸಿಕೊಂಡಳು. ತಂದೆ ಮಗುವಿನ ಬಗ್ಗೆ ಅಷ್ಟು ಆಳವಾದ ಮಾತು ಆಕೆ ಕೇಳಿರಲಿಲ್ಲವೇನೋ. ಆಮೇಲೆ ಮಗುವಿಗೆ ಮೂರು ವರ್ಷವಾಯಿತು, ಜ್ವರ ಬಂತು. ತಾಯಿ ಹಣೆಯ ಮೇಲೆ ಒದ್ದೆ ಬಟ್ಟೆ ಇಡುತ್ತಿದ್ದಾಳೆ. ಲೈಬ್ರೇರಿಯನ್: ನಿನ್ನ ಕೈ ಎಷ್ಟು ಮೃದುವಾಗಿದೆ, ಇಂದು ರಾತ್ರಿ ಊಟ ಹೊರಗೆ ಮಾಡೋಣವೇ?

ಅಷ್ಟು ಹೊತ್ತಿಗೆ ನನ್ನ ಹೊಟ್ಟೆ ಕುಲುಕುತ್ತಿತ್ತು. ಇವರು ಪಕ್ಕದಲ್ಲಿ "ಸುಮ್ನಿರೇ, ಎಲ್ಲಾ ನೋಡ್ತಾರೆ" ಎನ್ನುತ್ತ ತಾವೇ ಕೋಟಿನ ಕಾಲರಿನೊಳಗೆ ಮುಖ ಹುದುಗಿಸಿದ್ದರು. ನಗದೆ ಇದ್ದವರು ಅತ್ತೆ ಒಬ್ಬರೇ. ಅವರಿಗೆ ಸಿಟ್ಟು ಬಂದಿತ್ತು. ಗಂಡ ಒಂದು ತಳ್ಳುಗಾಡಿಯನ್ನು ಮನೆಯ ಮುಂದೆ ನಿಲ್ಲಿಸಿದ ದೃಶ್ಯ ಬಂದದ್ದೇ ತಡ, ಎದ್ದು ನಿಂತುಬಿಟ್ಟರು.

"ನಿಲ್ಲಿಸಪ್ಪಾ! ಈ ಗಾಡಿ ಯಾವಾಗ ಬಂತು? ಮದುವೆ ಎಲ್ಲಿ? ಮಧ್ಯದ್ದು ಬಿಟ್ಟಿದೀಯಾ ನೀನು!"

ಪ್ರೊಜೆಕ್ಟರಿನ ಬೆಳಕಿಗೆ ಅಡ್ಡ ನಿಂತ ಅವರ ನೆರಳು, ತುರುಬು, ಮಫ್ಲರ್, ಎತ್ತಿದ ಕೈ ಸಮೇತ, ಇಡೀ ಪರದೆಯನ್ನು ಆಕ್ರಮಿಸಿತು. ಜಪಾನಿ ಸಂಸಾರ ಅದರೊಳಗೆ ಮುಳುಗಿಹೋಯಿತು. ಯಂತ್ರ ನಿಂತಿತು. ಎಲ್ಲರೂ ತಿರುಗಿ ನೋಡಿದರು. ನಾನು ಎದ್ದು, ಹೊಟ್ಟೆ ಹಿಡಿದುಕೊಂಡು, ನಗುತ್ತಲೇ ಇಂಗ್ಲಿಷಿನಲ್ಲಿ ಹೇಳಿದೆ: ನಮ್ಮತ್ತೆಯ ಪ್ರಕಾರ ನೀವು ಕೊನೆಯ ರೀಲನ್ನು ನಡುವಿನದಕ್ಕಿಂತ ಮೊದಲೇ ಹಾಕಿದ್ದೀರಿ.

ಅವನು ಡಬ್ಬಿಗಳನ್ನು ದೀಪದ ಕೆಳಗೆ ಹಿಡಿದು ತಿರುಗಿಸಿ ತಿರುಗಿಸಿ ನೋಡಿದ. ಡಬ್ಬಿಗಳ ಮೇಲೆ ಅಂಕೆ ಇರಲಿಲ್ಲ, ಒಂದೊಂದು ಜಪಾನಿ ಅಕ್ಷರ, ಅಷ್ಟೇ. ಉಳಿದ ರೀಲಿನ ತುದಿಯನ್ನು ಒಂದಷ್ಟು ಎಳೆದು ದೀಪಕ್ಕೆ ಹಿಡಿದ. ಅಲ್ಲಿ ಮದುವೆಯ ಉಡುಪಿನ ಹುಡುಗಿ. ಗಡ್ಡದವರೆಗೂ ಕೆಂಪಾಗಿ, "ಇವರು ಹೇಳಿದ್ದು ಸರಿ. ನಾನು ಓದುತ್ತಿದ್ದದ್ದು ಈ ರೀಲಿನ ಹಾಳೆ" ಎಂದ. ಸ್ವೆಟರ್ ಹೆಣೆಯುತ್ತಿದ್ದ ಹೆಂಗಸು ಸೂಜಿ ಕೆಳಗಿಟ್ಟು ಚಪ್ಪಾಳೆ ತಟ್ಟಿದಳು. "ಸದ್ಯ! ನನಗೇ ಮರೆವಿನ ಕಾಯಿಲೆ ಶುರುವಾಯಿತೇನೋ ಅಂದುಕೊಂಡಿದ್ದೆ" ಎಂದಳು. ಕಣ್ಣೊರೆಸಿಕೊಂಡಿದ್ದಾಕೆ ಮಾತ್ರ ಕರವಸ್ತ್ರವನ್ನು ಮೆಲ್ಲಗೆ ಕೈಚೀಲಕ್ಕೆ ಹಾಕಿಕೊಂಡಳು.

ರೀಲು ಹಿಂದಕ್ಕೆ ಸುತ್ತಲು ಸ್ವಲ್ಪ ಹೊತ್ತು ಬೇಕಾಯಿತು. ಲೈಬ್ರರಿಯವರು ಕಾಫಿ, ಕುಕ್ಕಿ ಕೊಟ್ಟರು. ಅತ್ತೆ ಮೊಟ್ಟೆ ಇರಬಹುದೆಂದು ಕುಕ್ಕಿ ಮುಟ್ಟಲಿಲ್ಲ. ಚೀಲ ಬಿಚ್ಚಿ ಎಲ್ಲರಿಗೂ ಕೋಡುಬಳೆ ಹಂಚಿದರು. ಖಾರಕ್ಕೆ ಮೂರು ಜನ ಕೆಮ್ಮಿದರು, ಆದರೂ ಇನ್ನೊಂದು ಕೇಳಿದರು. ನಾನು ಲೈಬ್ರೇರಿಯನ್‌ಗೆ, ಮೈಸೂರಿನಲ್ಲಿ ಪರದೆಯ ಪಕ್ಕ ಕೋಲು ಹಿಡಿದು ನಿಲ್ಲುತ್ತಿದ್ದವನ ವಿಷಯ ಹೇಳಿದೆ. ಅವನಿಗೆ ರೋಮಾಂಚನವಾಗಿ ಹೋಯಿತು. "ಜಪಾನಿನಲ್ಲೂ ಹಾಗೇ ಇತ್ತು! ಇವರು ಅಲ್ಲಿ ನಿಂತು ತಮ್ಮ ಭಾಷೆಯಲ್ಲಿ ಕಥೆ ಹೇಳುತ್ತಾರೆಯೇ? ನಾನೂ ಓದುತ್ತೇನೆ" ಎಂದು ಪರದೆಯ ಪಕ್ಕ ಒಂದು ಕುರ್ಚಿ ಹಾಕಿಯೇಬಿಟ್ಟ.

ಅತ್ತೆ ನಾಚಿಕೊಳ್ಳುತ್ತಾರೆಂದು ನಾನು ಅಂದುಕೊಂಡೆ. ಅವರು ಕೋಟು ಕಳಚಿ ನನ್ನ ಕೈಗೆ ಕೊಟ್ಟು, ಸೆರಗು ಸರಿಮಾಡಿಕೊಂಡು, ಲೈಬ್ರೇರಿಯನ್‌ನ ಅಳತೆಪಟ್ಟಿಯನ್ನು ಕೋಲಿನಂತೆ ಹಿಡಿದು ಹೋಗಿ ನಿಂತರು. ಕೂರಲಿಲ್ಲ.

ಅವರ ಗಂಟಲು ಇಷ್ಟು ದೊಡ್ಡದೆಂದು ನನಗೆ ಗೊತ್ತೇ ಇರಲಿಲ್ಲ. "ಕೇಳ್ರಪ್ಪಾ, ಮದುವೆ ಆಯ್ತು! ಹುಡುಗ ಕೊಡೆ ಮಾಡೋ ಅಂಗಡೀಲಿ ಕೆಲಸಕ್ಕೆ ಹೋಗ್ತಾನೆ. ಹುಡುಗಿ ಡಬ್ಬಿ ಕಟ್ಟಿಕೊಡ್ತಾಳೆ. ಎಷ್ಟು ಚೆಂದ ನೋಡಿ!" ಅಳತೆಪಟ್ಟಿ ಪರದೆಯ ಮೇಲೆ ಟಪ್ಪೆಂದು ಬಿತ್ತು. ಅವರ ಮಾತು ಮುಗಿದ ಮೇಲೆ ಲೈಬ್ರೇರಿಯನ್ ಹಾಳೆಯಿಂದ ಓದುತ್ತಿದ್ದ. ಎರಡೂ ಹೆಚ್ಚುಕಡಿಮೆ ಒಂದೇ ಆಗಿರುತ್ತಿತ್ತು. ಅತ್ತೆಯದು ಉದ್ದವಿರುತ್ತಿತ್ತು, ಅಷ್ಟೇ ವ್ಯತ್ಯಾಸ.

ಕೊಡೆ ಅಂಗಡಿ ಮುಚ್ಚಿತು. ಹುಡುಗ ಬಾಗಿಲ ಮುಂದೆ ಸ್ವಲ್ಪ ಹೊತ್ತು ನಿಂತ. ಮನೆಗೆ ಬಂದು ಹೆಂಡತಿಗೆ ಏನೂ ಹೇಳಲಿಲ್ಲ. ಮರುದಿನ ಬೆಳಿಗ್ಗೆ ಎಂದಿನಂತೆ ಡಬ್ಬಿ ಹಿಡಿದು ಹೊರಟ.

ನಾನೂ ಇವರೂ ಕಲ್ಲಾದೆವು.

"ನೋಡಿ ಇವನನ್ನ! ಕೆಲಸ ಹೋಗಿದೆ. ಮನೇಲಿ ಬಾಯಿ ಬಿಡಲ್ಲ. ಟೈ ಕಟ್ಕೊಂಡು ಹೊರಟ!" ಎಂದರು ಅತ್ತೆ. ಪರದೆಯ ಮೇಲಿನವನು ಟೈ ಕಟ್ಟಿರಲಿಲ್ಲ. ಕಿಮೋನೊ ಉಟ್ಟಿದ್ದ.

ಅವನು ಊರಿನ ಆಚೆ ಕಡೆ ಗಾಡಿಯಲ್ಲಿ ಸುಟ್ಟ ಗೆಣಸು ಮಾರತೊಡಗಿದ. ಗುರುತು ಸಿಗದಿರಲೆಂದು ಮುಖಕ್ಕೆ ಟವೆಲ್ ಸುತ್ತಿಕೊಂಡ. ಅತ್ತ ಬಸುರಿ ಹೆಂಡತಿಗೆ ಗೆಣಸು ತಿನ್ನುವ ಬಯಕೆ. ಹುಡುಕುತ್ತ ಹುಡುಕುತ್ತ ನೇರವಾಗಿ ಅವನ ಗಾಡಿಯ ಮುಂದೆಯೇ ಬಂದು ನಿಂತಳು. ಅವನು ಟವೆಲನ್ನು ಕಣ್ಣಿನವರೆಗೂ ಎಳೆದುಕೊಂಡು, ಎರಡೂ ಕೈಯಲ್ಲಿ ಗೆಣಸು ಕಾಗದಕ್ಕೆ ಸುತ್ತುತ್ತಿದ್ದಾನೆ. ಅವಳು ಆ ಕೈಗಳನ್ನೇ ನೋಡುತ್ತಿದ್ದಾಳೆ.

"ಟವೆಲ್ ಸುತ್ತಿಕೊಂಡ್ರೆ ಆಗೋಯ್ತಾ, ಪೆದ್ದಾ!" ಅತ್ತೆ ಪರದೆಗೆ ಬೆನ್ನು ತಿರುಗಿಸಿದರು. ಅಳತೆಪಟ್ಟಿ ಈಗ ಮೂರನೆಯ ಸಾಲಿನ ಕಡೆಗಿತ್ತು. "ಮನೇಲಿರೋ ಹೆಂಗಸರಿಗೆ ಗೊತ್ತಾಗಲ್ವಾ? ಮುಂಚೆ ಅಂಗಿ ಒಗೆಯೋವಾಗ ಮೆಷಿನ್ ಎಣ್ಣೆ ವಾಸನೆ ಬರ್ತಿತ್ತು. ಒಂದು ತಿಂಗಳಿಂದ ಬರೀ ಹಳೇ ಪುಸ್ತಕದ ವಾಸನೆ! ಕೂತು ಪೇಪರ್ ಓದೋ ಕಾರ್ಖಾನೆ ಯಾವುದಪ್ಪಾ ಅದು?"

ಕನ್ನಡ ತಿಳಿಯದ ಹದಿನೈದು ಜನ ಭಕ್ತಿಯಿಂದ ತಲೆದೂಗಿದರು. ಲೈಬ್ರೇರಿಯನ್ ತನ್ನ ಹಾಳೆ ನೋಡಿದ, ಅಲ್ಲಿ ಒಂದೇ ಸಾಲು: ಮೂರು ಗೆಣಸು ಕೊಡಿ. ಅವನು ಅದನ್ನು ಓದಿದ.

ಇವರ ಬಾಯಿ ತೆರೆದದ್ದು ಮುಚ್ಚಲಿಲ್ಲ. ಆ ಮುಖ ನೋಡಿ ನನಗೆ ಬಂದ ನಗು, ಅಂಥದ್ದು ಹಿಂದೆಯೂ ಬಂದಿಲ್ಲ, ಮುಂದೆಯೂ ಬರಲಿಲ್ಲ. ಎದುರಿನ ಕುರ್ಚಿ ಹಿಡಿದುಕೊಂಡು, ಬಾಗಿ, ಉಸಿರು ಸಿಗದೆ ನಕ್ಕೆ. ಪಕ್ಕದ ಹೆಂಗಸೂ ಏಕೆಂದು ತಿಳಿಯದೆ ನಕ್ಕಳು. ಆಮೇಲೆ ಕಾಲಿನ ಕೆಳಗೆ ಬೆಚ್ಚಗೆ ಏನೋ ಹರಿದಂತಾಯಿತು. ನೀರು ಹೋಗಿತ್ತು.

"ಅತ್ತೇ!" ಎಂದು ಕೂಗಿದೆ. ನಗು ಇನ್ನೂ ನಿಂತಿರಲಿಲ್ಲ.

ಅವರು ಅಳತೆಪಟ್ಟಿಯನ್ನು ಲೈಬ್ರೇರಿಯನ್ ಕೈಗೆ ಕೊಟ್ಟು ನಾಲ್ಕೇ ಹೆಜ್ಜೆಗೆ ನನ್ನ ಬಳಿ ಬಂದರು. "ಕಾರ್ ತೆಗಿಯೋ! ಬಾಯಿ ಆಮೇಲೆ ಮುಚ್ಕೊಳ್ಳುವಂತೆ." ಸ್ವೆಟರ್ ಹೆಂಗಸು ನನ್ನ ಇನ್ನೊಂದು ತೋಳು ಹಿಡಿದಳು. ಲೈಬ್ರೇರಿಯನ್ ಬಾಗಿಲು ಹಿಡಿದು ನಿಂತು ಯಾರಾರಿಗೋ 'ಸಾರಿ, ಸಾರಿ' ಎನ್ನುತ್ತಿದ್ದ, ಅವನದೇ ತಪ್ಪೆಂಬಂತೆ.

ಕಾರಿನಲ್ಲಿ ಹಿಂದಿನ ಸೀಟಿನಲ್ಲಿ ಅತ್ತೆಯ ತೊಡೆಗೆ ಒರಗಿದ್ದೆ. ಸಣ್ಣಗೆ ಹಿಮ ಬೀಳುತ್ತಿತ್ತು.

"ಅಮ್ಮಾ, ಗೊತ್ತಿದ್ರೆ ಯಾಕೆ ಕೇಳಲಿಲ್ಲ ನೀನು?" ಇವರು ರಸ್ತೆ ನೋಡುತ್ತಲೇ ಕೇಳಿದರು.

"ನೀನಾಗೇ ಹೇಳ್ತೀಯಾಂತ ಕಾದೆ. ಹೇಳಲಿಲ್ಲ. ಅದಕ್ಕೆ ದಿನಾ ಡಬ್ಬಿಗೆ ಎರಡು ಚಪಾತಿ ಜಾಸ್ತಿ ಹಾಕಿದೆ. ಕೆಲಸ ಮಾಡೋನಿಗಿಂತ ಕೆಲಸ ಹುಡುಕೋನಿಗೆ ಹಸಿವು ಜಾಸ್ತಿ. ನಿಮ್ಮಪ್ಪನ್ನ ನೋಡಿಲ್ವಾ ನಾನು?"

"ಅಪ್ಪನಾ?"

"ಹೂಂ. ನೀನು ಹೊಟ್ಟೇಲಿದ್ದಾಗ. ಮೂರು ತಿಂಗಳು ಕೊಡೆ ಹಿಡ್ಕೊಂಡು ಕಚೇರಿಗೆ ಅಂತ ಹೋಗಿ ಕುಕ್ಕರಹಳ್ಳಿ ಕೆರೆ ಏರಿ ಮೇಲೆ ಕೂತಿರ್ತಿದ್ರು. ಅವರೂ ಹೇಳಲಿಲ್ಲ, ನಾನೂ ಕೇಳಲಿಲ್ಲ. ಈಗ ಅನ್ನಿಸುತ್ತೆ, ಕೇಳಬೇಕಾಗಿತ್ತು. ಪಾಪ, ಒಬ್ಬರೇ ಕೂತಿರ್ತಿದ್ರು."

ನನಗೆ ನೋವು ಬಂದು ಅವರ ಕೈಯನ್ನು ಹಿಂಡಿದೆ. ಅವರು ತಿರುಗಿ ಹಿಂಡಿದರು.

"ಅದಕ್ಕೇನಾ ನನ್ನ ಪ್ಯಾಂಟೆಲ್ಲಾ ಬಿಗಿ ಆಗಿರೋದು! ಎರಡು ಚಪಾತಿ!" ಎಂದರು ಇವರು. ಅಷ್ಟೇ ಸಾಕಾಯಿತು, ಮೂವರಿಗೂ ನಗು ಉಕ್ಕಿತು. ನಗುತ್ತ ನಗುತ್ತ ಇವರು ಆಸ್ಪತ್ರೆಯ ಎಗ್ಸಿಟ್ ದಾಟಿಬಿಟ್ಟರು.

"ಎಗ್ಸಿಟ್ ಹೋಯ್ತು ಕಣೋ!" ಎಂದು ಕಿರುಚಿದವರು ಅತ್ತೆ. ಅವರಿಗೆ ಬರುತ್ತಿದ್ದ ನಾಲ್ಕಾರು ಇಂಗ್ಲಿಷ್ ಪದಗಳಲ್ಲಿ ಅದೂ ಒಂದು.

ರಾತ್ರಿ ಹತ್ತರ ಸುಮಾರಿಗೆ ಮಗಳು ಹುಟ್ಟಿದಳು. ಆ ಚಳಿಯಲ್ಲೂ ಬೆವರುತ್ತಿದ್ದ ಇವರು ಮಗುವನ್ನು ಎತ್ತಿಕೊಂಡು ಸಿನಿಮಾದ ಗಂಡನ ಹಾಗೆಯೇ ಕಣ್ಣು ತುಂಬಿಕೊಂಡು ನೋಡಿದರು. ನಾನು ಹಾಸಿಗೆಯಿಂದಲೇ, "ನಮಗೆ ಒಬ್ಬರಿಗೊಬ್ಬರ ಪರಿಚಯವೇ ಇಲ್ಲ" ಎಂದು ಕಣ್ಣೀರು ಬರುವವರೆಗೂ ನಕ್ಕೆ. ಅದೇ ಹೊತ್ತಿಗೆ ನರ್ಸು ಬಂದು ನನ್ನ ಬೆನ್ನು ಸವರಿದ್ದು.

ವಾರದ ಮೇಲೆ ಲೈಬ್ರೇರಿಯನ್‌ನಿಂದ ಅಂಚೆಯಲ್ಲಿ ಎರಡು ಟೈಪ್ ಮಾಡಿದ ಹಾಳೆ ಬಂದವು, ನಾವು ನೋಡದೆ ಉಳಿದ ಭಾಗದ್ದು. ಬಾಣಂತಿ ಕೋಣೆಯಲ್ಲಿ, ಓಮದ ಹೊಗೆಯ ನಡುವೆ, ಅತ್ತೆಗೆ ಓದಿ ಹೇಳಿದೆ. ಹೆಂಡತಿ ಗೆಣಸು ಕೊಂಡು, ಒಂದು ಮಾತೂ ಆಡದೆ ಮನೆಗೆ ಹೋಗುತ್ತಾಳೆ. ಸಂಜೆ ಗಂಡ ಬಂದಾಗ ಅದರಲ್ಲಿ ಒಂದನ್ನು ತಟ್ಟೆಯಲ್ಲಿಟ್ಟು, 'ಇದನ್ನು ಮಾರಿದವನು ಬಹಳ ಒಳ್ಳೆಯವನಂತೆ ಕಂಡ' ಎನ್ನುತ್ತಾಳೆ. ಮರುದಿನದಿಂದ ಇಬ್ಬರೂ ಸೇರಿ ಗಾಡಿ ತಳ್ಳುತ್ತಾರೆ.

ಅತ್ತೆ ಮಗುವಿಗೆ ಎಣ್ಣೆ ಹಚ್ಚುತ್ತಿದ್ದವರು ಕೈ ನಿಲ್ಲಿಸಿದರು. "ಜಾಣೆ" ಎಂದರು. ಮತ್ತೆ ಎಣ್ಣೆ ಹಚ್ಚುತ್ತ, "ನಿನ್ನ ಹುಳಿಗೆ ಹುಣಸೆಹಣ್ಣು ಜಾಸ್ತಿ ಆಗುತ್ತೆ ಕಣೇ, ಎಷ್ಟೋ ದಿನದಿಂದ ಹೇಳೋಣ ಅಂತಿದ್ದೆ" ಎಂದರು. ನನಗೆ ಆದ ಸಂತೋಷ ಇಷ್ಟಿಷ್ಟಲ್ಲ.

ಇವರು ಆಮೇಲೆ ಟೈ ಕಟ್ಟುವುದನ್ನು ಬಿಟ್ಟರು. ಮನೆಯಲ್ಲೇ ಊಟದ ಮೇಜಿನ ಮುಂದೆ ಕೂತು ಅಪ್ಲೈ ಮಾಡಿದರು. ಅತ್ತೆ ಪ್ರತಿ ಲಕೋಟೆಯ ಮೂಲೆಗೂ ಚಿಟಿಕೆ ಕುಂಕುಮ ತಾಗಿಸಿಯೇ ಅಂಚೆಗೆ ಕೊಡುತ್ತಿದ್ದರು. ಮೇ ತಿಂಗಳಲ್ಲಿ ಷಿಕಾಗೋ ಕಡೆ ಒಂದು ಕಂಪನಿಯಲ್ಲಿ ಕೆಲಸ ಸಿಕ್ಕಿತು. ಹಾಫ್‌ಮನ್ ಎಸ್ಟೇಟ್ಸ್‌ನಲ್ಲಿ ಮನೆ ಹಿಡಿದೆವು. ಸಾಮಾನು ಟ್ರಕ್ಕಿನಲ್ಲಿ, ನಾವು ನಾಲ್ವರು ಕಾರಿನಲ್ಲಿ ಹೊರಟೆವು.

ಇಂಡಿಯಾನಾ ಗಡಿಯ ಹತ್ತಿರ ಮಗುವಿನ ಬಟ್ಟೆ ಬದಲಿಸಲು ಹೆದ್ದಾರಿ ಬಿಟ್ಟು ಕೆಳಗಿಳಿದಾಗ, ಮರಳಿನ ದಿಬ್ಬದ ಆಚೆ ಮಿಷಿಗನ್ ಸರೋವರ ಕಾಣಿಸಿತು. ಆಚೆ ದಡವೇ ಇಲ್ಲ, ಅಲೆಗಳು ಬಂದು ಬಡಿಯುತ್ತಿವೆ. ಅತ್ತೆ ಚಪ್ಪಲಿ ಕಳಚಿ ಸೀರೆ ಎತ್ತಿ ಹಿಡಿದು ಓಡಿಯೇಬಿಟ್ಟರು. ಬಗ್ಗಿ ನೀರಿಗೆ ಬೆರಳದ್ದಿ, ನಾಲಗೆಗೆ ಹಚ್ಚಿ, ಹುಬ್ಬು ಗಂಟಿಕ್ಕಿ, ಮತ್ತೊಮ್ಮೆ ಹಚ್ಚಿದರು.

"ಲೋ ಬಾರೋ ಇಲ್ಲಿ! ಇಷ್ಟು ದೊಡ್ಡ ಸಮುದ್ರ ಮಾಡಿದಾರೆ, ಉಪ್ಪೇ ಹಾಕಿಲ್ಲವಲ್ಲೋ!"

ನಾನೂ ಇವರೂ ಬಗ್ಗಿ ರುಚಿ ನೋಡಿದೆವು. ನಿಜ, ಒಂದು ಹರಳೂ ಇರಲಿಲ್ಲ.